ಬಳ್ಳಾರಿ ಬಿಸಿಲಲ್ಲಿ ಕ್ರಿಸ್‌ಮಸ್‌ಗೆ ಗಡ್ಡೆ ಹೂವು ಅರಳಿಸೋದು ಹೇಗೆ?

ಕೋಟೆ ಕೆಳಗಿನ ಮನೆ, ಬಳ್ಳಾರಿ · 25 ಆಗಸ್ಟ್ 2024

ಎಲ್ಲರಿಗೂ ನಮಸ್ಕಾರ. ಕ್ರಿಸ್‌ಮಸ್‌ಗೆ ಇನ್ನೂ ನಾಲ್ಕು ತಿಂಗಳಿದೆ, ಈಗಲೇ ಯಾಕೆ ಈ ಪ್ರಶ್ನೆ ಅನ್ನಬಹುದು. ಹೋದ ವರ್ಷ ತಡ ಮಾಡಿ ಕೆಟ್ಟೆ, ಅದಕ್ಕೇ ಈಗಲೇ ಕೇಳುತ್ತಿದ್ದೇನೆ.

ನಮ್ಮ ಮನೆಯಲ್ಲಿ ಪ್ರತಿ ವರ್ಷ ಗೋದಲಿ, ಅಂದರೆ ಯೇಸು ಹುಟ್ಟಿದ ಕೊಟ್ಟಿಗೆಯ ಮಾದರಿ, ಕಟ್ಟುತ್ತೇವೆ. ಅಮ್ಮ ಇದ್ದಾಗ ಅದರ ಮುಂದೆ ಕೊಯ್ದ ಹೂವು ಇಡುತ್ತಿರಲಿಲ್ಲ. ತಟ್ಟೆಯಲ್ಲಿ ಗೋಧಿ ಮೊಳಕೆ ಬರಿಸಿ ಇಡುತ್ತಿದ್ದರು. ಬೇರು ಇರುವ ಜೀವವೇ ಇರಬೇಕು ಅನ್ನೋದು ಅವರ ಮಾತು. ಅವರು ಹೋದ ಮೇಲೆ ನನಗೆ ಗೋಧಿಯ ಜೊತೆ ಒಂದು ಹೂವಿನ ಕುಂಡವನ್ನೂ ಇಡಬೇಕು ಅನ್ನಿಸಿತು.

ಹೋದ ನವೆಂಬರ್ ಮಧ್ಯದಲ್ಲಿ ಆನ್‌ಲೈನ್‌ನಲ್ಲಿ ಆರು ಟುಲಿಪ್, ಎರಡು ಹಯಸಿಂತ್ ಗಡ್ಡೆ ತರಿಸಿದೆ. ಐದು ವಾರ ಫ್ರಿಜ್‌ನ ತರಕಾರಿ ಟ್ರೇನಲ್ಲಿಟ್ಟು ಆಮೇಲೆ ಕುಂಡಕ್ಕೆ ಹಾಕಿದೆ. ಟುಲಿಪ್ ಎಲೆ ನಾಲ್ಕು ಬೆರಳು ಬಂತು, ಅಷ್ಟೇ. ಎಲೆ ಬಿಡಿಸಿ ನೋಡಿದರೆ ಬುಡದಲ್ಲಿ ಮೊಗ್ಗು ಕಾಗದದ ಹಾಗೆ ಒಣಗಿತ್ತು. ಹಯಸಿಂತ್ ಒಂದು ಅರಳಿತು. ಆದರೆ ದಂಟು ಏಳಲೇ ಇಲ್ಲ, ಎಲೆಗಳ ನಡುವೆ ಗಡ್ಡೆಯ ಬಾಯಲ್ಲೇ ಹೂವು ಸಿಕ್ಕಿಹಾಕಿಕೊಂಡಿತ್ತು. ಮೊಳೆಯದ ಒಂದು ಟುಲಿಪ್ ಗಡ್ಡೆಯನ್ನು ಉದ್ದಕ್ಕೆ ಕೊಯ್ದು ನೋಡಿದೆ. ಬಿಳಿ ಪದರಗಳ ನಡುವೆ ಗೋಧಿ ಕಾಳಿನಷ್ಟು ಮೊಗ್ಗು ಇತ್ತು, ಪೂರಾ ಕಂದು ಬಣ್ಣ. ಹೂವು ಒಳಗೇ ತಯಾರಾಗಿತ್ತು, ಹೊರಗೆ ಬರಲಾಗಲಿಲ್ಲ. ತುಂಬ ಸಂಕಟ ಆಯಿತು.

ಎಲ್ಲಿ ತಪ್ಪಿದೆ ಹೇಳಿ. ನಮ್ಮ ಊರಲ್ಲಿ ಇದು ಆಗುವ ಮಾತೇನಾ?

ಉಳ್ಳಾಗಡ್ಡಿ ಹೊಲ, ಕುಷ್ಟಗಿ · 25 ಆಗಸ್ಟ್

ಅಕ್ಕಾರೆ, ಟುಲಿಪ್ ನಾನು ಕಣ್ಣಲ್ಲಿ ನೋಡಿಲ್ಲ. ಆದರೆ ನೀವು ಬರೆದದ್ದು ಓದಿ ನಮ್ಮ ಉಳ್ಳಾಗಡ್ಡಿ ಬೀಜದ ಕೆಲಸ ನೆನಪಾಯಿತು. ಬೀಜ ಬೇಕಾದರೆ ಬಲಿತ ಗಡ್ಡೆ ಆರಿಸಿ ಇಟ್ಟುಕೊಂಡು ಅಕ್ಟೋಬರ್-ನವೆಂಬರ್‌ನಲ್ಲಿ ನೆಡುತ್ತೇವೆ. ಥಂಡಿ ಬಿದ್ದ ಮೇಲೆ ನಡುವಿನಿಂದ ಪೊಳ್ಳು ದಂಟು ಎದ್ದು ತುದಿಗೆ ಬಿಳಿ ಚೆಂಡು ಕಟ್ಟುತ್ತದೆ. ಆ ವರ್ಷ ಥಂಡಿ ಸರಿಯಾಗಿ ಬೀಳದಿದ್ದರೆ ಎಲೆ ಹುಲುಸಾಗಿ ಬರುತ್ತದೆ, ದಂಟು ಕಡಿಮೆ. ಗಡ್ಡೆಗೆ ಥಂಡಿಯ ಲೆಕ್ಕ ಇರುತ್ತದೆ. ನಮ್ಮ ಕಡೆಯ ತಳಿಗೆ ಸ್ವಲ್ಪ ಸಾಕು. ನಿಮ್ಮ ಗಡ್ಡೆ ಹಿಮ ಬೀಳುವ ಸೀಮೆಯದು, ಅದಕ್ಕೆ ಜಾಸ್ತಿ ಬೇಕಿರಬೇಕು.

ಮಾಳಿಗೆ ತೋಟ, ರಾಯಚೂರು · 26 ಆಗಸ್ಟ್

ಕುಷ್ಟಗಿ ಅಣ್ಣ ಸರಿಯಾಗಿ ಹಿಡಿದಿದ್ದಾರೆ. ನಾನು ವಿಜ್ಞಾನ ಟೀಚರ್ ಆಗಿದ್ದವಳು. ನಿವೃತ್ತಿ ಆದ ಮೇಲೆ ಮಾಳಿಗೆ ಮೇಲೆ ಗಡ್ಡೆ ಗಿಡಗಳನ್ನೇ ಜಾಸ್ತಿ ಬೆಳೆಸಿದ್ದೇನೆ. ಗೊತ್ತಿರುವುದನ್ನು ಬರೆಯುತ್ತೇನೆ.

ಟುಲಿಪ್‌ನ ತವರು ಮಧ್ಯ ಏಷ್ಯಾದ ಬೆಟ್ಟಗಳು. ಅಲ್ಲಿ ಚಳಿಗಾಲವಿಡೀ ಗಡ್ಡೆ ಹಿಮದ ಕೆಳಗೆ ಮಲಗಿರುತ್ತದೆ. ಹೂವಿನ ಮೊಗ್ಗು ಬೇಸಿಗೆಯಲ್ಲೇ ಒಳಗೆ ರೂಪುಗೊಂಡಿರುತ್ತದೆ, ನೀವು ಕೊಯ್ದು ನೋಡಿದ್ದು ಅದನ್ನೇ. ಆದರೆ ದಂಟು ಉದ್ದವಾಗಬೇಕಾದರೆ ಥಂಡಿ ಬೇಕು. ಆ ಥಂಡಿಯಲ್ಲೇ ಗಡ್ಡೆಯ ಪಿಷ್ಟ ಸಕ್ಕರೆಯಾಗುತ್ತದೆ, ದಂಟು ಚಾಚುವ ಶಕ್ತಿ ಬರುತ್ತದೆ. ಟುಲಿಪ್‌ಗೆ 4ರಿಂದ 9 ಡಿಗ್ರಿಯಲ್ಲಿ 12ರಿಂದ 16 ವಾರ ಬೇಕು. ಹಯಸಿಂತ್‌ಗೆ 10ರಿಂದ 14 ವಾರ. ನೀವು ಕೊಟ್ಟದ್ದು ಐದು ವಾರ. ಹಯಸಿಂತ್ ಗಡ್ಡೆಯ ಬಾಯಲ್ಲೇ ಸಿಕ್ಕಿಕೊಂಡಿದ್ದು ಅದಕ್ಕೇ.

ಆದರೆ ಮೊಗ್ಗು ಕಂದಾಗಿದ್ದು ಬರೀ ವಾರ ಕಡಿಮೆಯಾದ್ದರಿಂದ ಅಲ್ಲ ಅನ್ನಿಸುತ್ತದೆ. ಒಂದು ಮಾತು ಕೇಳಲಾ, ಆ ಟ್ರೇನಲ್ಲಿ ಗಡ್ಡೆ ಜೊತೆ ಬೇರೆ ಏನಿತ್ತು?

ಕೋಟೆ ಕೆಳಗಿನ ಮನೆ, ಬಳ್ಳಾರಿ · 26 ಆಗಸ್ಟ್

ಸೀತಾಫಲ ಇತ್ತು ಮೇಡಂ. ನಮ್ಮೆಜಮಾನರಿಗೆ ಅದು ಅಂದರೆ ಪ್ರಾಣ. ಸೀಸನ್ ಮುಗಿಯುವ ಹೊತ್ತು, ಹಣ್ಣಾದದ್ದೆಲ್ಲ ತಂದು ಫ್ರಿಜ್‌ಗೆ ಇಟ್ಟಿದ್ದರು. ಸೇಬೂ ಇತ್ತು.

ಮಾಳಿಗೆ ತೋಟ, ರಾಯಚೂರು · 26 ಆಗಸ್ಟ್

ಹಾಗಾದರೆ ಅದೇ. ಮಾವಿನಕಾಯಿ ಅಡಿ ಹಾಕುವಾಗ ಹುಲ್ಲಿನ ನಡುವೆ ಒಂದೆರಡು ಹಣ್ಣು ಇಟ್ಟರೆ ಉಳಿದದ್ದು ಬೇಗ ಹಣ್ಣಾಗುತ್ತದೆ ಅಲ್ವಾ? ಹಣ್ಣಿನಿಂದ ಹೊರಡುವ ಎಥಿಲೀನ್ ಅನ್ನುವ ಗಾಳಿ ಆ ಕೆಲಸ ಮಾಡುತ್ತದೆ. ಕಾಯಿಗೆ ಅದು ಒಳ್ಳೆಯದು. ಗಡ್ಡೆಯೊಳಗಿನ ಮೊಗ್ಗಿಗೆ ವಿಷ. ಸೀತಾಫಲ, ಸೇಬು, ಬಾಳೆ, ಸಪೋಟ, ಪೇರಲ, ಎಲ್ಲದರಿಂದಲೂ ಇದು ಬರುತ್ತದೆ. ಮುಚ್ಚಿದ ಟ್ರೇನಲ್ಲಿ ಹಣ್ಣು, ಗಡ್ಡೆ ಎರಡೂ ಇದ್ದರೆ ಹೊರಗೆ ಗಡ್ಡೆ ಗಟ್ಟಿಯಾಗೇ ಕಾಣುತ್ತದೆ, ಒಳಗೆ ಹೂವು ಸತ್ತಿರುತ್ತದೆ.

ನಮ್ಮ ಕಡೆ ಇದು ಇನ್ನೂ ಕಷ್ಟ. ಗಡ್ಡೆ ಫ್ರಿಜ್‌ನಲ್ಲಿರಬೇಕಾದ ತಿಂಗಳುಗಳೂ ಸೀತಾಫಲ ಬರುವ ತಿಂಗಳುಗಳೂ ಒಂದೇ. ಮೂರು ತಿಂಗಳು ಮನೆಯವರೆಲ್ಲ ಹಣ್ಣನ್ನು ಹೊರಗೇ ಇಡಲು ಒಪ್ಪಿದರೆ ಮಾತ್ರ ಕೈ ಹಾಕಿ.

ಸಿಂಧನೂರು ಕಾಲುವೆ · 27 ಆಗಸ್ಟ್

ಮೇಡಂ, ನಮ್ಮ ಮನೆಯಲ್ಲಿ ಫ್ರಿಜ್ ಚಿಕ್ಕದು. ರಂಜಣಿಗೆಯೊಳಗೆ ಒದ್ದೆ ಮರಳು ಹಾಕಿ, ಅದರಲ್ಲಿ ಇನ್ನೊಂದು ಮಡಿಕೆ ಕೂರಿಸಿ ಗಡ್ಡೆ ಇಟ್ಟರೆ ಆಗಲ್ವಾ? ತರಕಾರಿ ಹಾಗೆ ಇಡುತ್ತಾರೆ.

ಮಾಳಿಗೆ ತೋಟ, ರಾಯಚೂರು · 27 ಆಗಸ್ಟ್

ಯೋಚನೆ ಚೆನ್ನಾಗಿದೆಯಪ್ಪ. ತರಕಾರಿಗೆ ಸಾಕು, ಟುಲಿಪ್‌ಗೆ ಸಾಲದು. ಮಡಿಕೆ ತಂಪಾಗುವುದು ನೀರು ಆವಿಯಾಗುವುದರಿಂದ. ಡಿಸೆಂಬರ್ ರಾತ್ರಿಯಲ್ಲೂ ನಮ್ಮಲ್ಲಿ 15-16 ಡಿಗ್ರಿ ಇರುತ್ತದೆ, ಮಡಿಕೆ 5 ಡಿಗ್ರಿಗೆ ಇಳಿಯುವುದಿಲ್ಲ. ಮೇಲಾಗಿ ಒದ್ದೆಯಲ್ಲಿ ಗಡ್ಡೆಗೆ ಬೂಷ್ಟು ಹಿಡಿಯುತ್ತದೆ.

ಕೋಟೆ ಕೆಳಗಿನ ಮನೆ, ಬಳ್ಳಾರಿ · 27 ಆಗಸ್ಟ್

ಈ ಸಲ ಈಗಲೇ ಗಡ್ಡೆ ತರಿಸಿ ಫ್ರಿಜ್‌ಗಿಟ್ಟರೆ ಕ್ರಿಸ್‌ಮಸ್‌ಗೆ ಬರಬಹುದಾ? ಲೆಕ್ಕ ಹಾಕಿದರೆ 16 ವಾರ ಸಿಗುತ್ತದೆ.

ಮಾಳಿಗೆ ತೋಟ, ರಾಯಚೂರು · 28 ಆಗಸ್ಟ್

ಗಡ್ಡೆ ಸಿಕ್ಕರೆ ತಾನೇ. ಹಾಲೆಂಡ್ ಗಡ್ಡೆಗಳು ನಮ್ಮ ದೇಶದ ಅಂಗಡಿಗಳಿಗೆ ಬರುವುದೇ ಅಕ್ಟೋಬರ್ ಹೊತ್ತಿಗೆ. ಅಕ್ಟೋಬರ್ 10ಕ್ಕೆ ಫ್ರಿಜ್‌ಗಿಟ್ಟರೂ 13 ವಾರ ಅಂದರೆ ಜನವರಿ 9. ಹೊರಗೆ ತೆಗೆದು ನೆಟ್ಟ ಮೇಲೆ ಹೂವಿಗೆ ಇನ್ನೂ ಮೂರು-ನಾಲ್ಕು ವಾರ. ಫೆಬ್ರವರಿ ಬಂತು. ಕ್ರಿಸ್‌ಮಸ್‌ಗೆ ಬೇಕಾದರೆ ಮೊದಲೇ ಥಂಡಿ ಕೊಟ್ಟ ಗಡ್ಡೆ ಸಿಗಬೇಕು. ಸಿಕ್ಕಿತು ಅಂತಿಟ್ಟುಕೊಳ್ಳಿ. ಆಗಲೂ ಅದು ಬೆಳೆಯುವ ಜಾಗ 15-18 ಡಿಗ್ರಿ ಇರಬೇಕು, ಬಳ್ಳಾರಿಯಲ್ಲಿ ಡಿಸೆಂಬರ್ ಮಧ್ಯಾಹ್ನ 30 ಮುಟ್ಟುತ್ತದೆ. ಟುಲಿಪ್ ಬೇಕೇ ಬೇಕು ಅನ್ನುವವರು ಶ್ರೀನಗರಕ್ಕೆ ಹೋಗಿ ನೋಡಲಿ. ದಾಲ್ ಸರೋವರದ ಪಕ್ಕ, ಜಬರ್ವಾನ್ ಬೆಟ್ಟದ ಬುಡದಲ್ಲಿ ಟುಲಿಪ್ ತೋಟ ಇದೆ. ಅಲ್ಲಿಯ ಚಳಿಯಲ್ಲೂ ಅದು ಅರಳುವುದು ಮಾರ್ಚ್ ಕೊನೆಗೆ, ಏಪ್ರಿಲ್‌ಗೆ.

ನನ್ನ ಮಾತು ಇಷ್ಟೇ. ಎಲ್ಲ ಗಡ್ಡೆಯೂ ಮಲಗಬೇಕು, ಆದರೆ ಎಲ್ಲದಕ್ಕೂ ಒಂದೇ ಥರದ ನಿದ್ದೆ ಅಲ್ಲ. ಟುಲಿಪ್, ಹಯಸಿಂತ್ ಥಂಡಿಯಲ್ಲಿ ಮಲಗುತ್ತವೆ. ಅಮರಿಲ್ಲಿಸ್ ಅನ್ನುತ್ತಾರಲ್ಲ, ಪುಸ್ತಕದಲ್ಲಿ ಹಿಪ್ಪಿಯಾಸ್ಟ್ರಮ್, ಅದರ ತವರು ದಕ್ಷಿಣ ಅಮೆರಿಕ. ಅದು ಒಣಗಿನಲ್ಲಿ ಮಲಗುತ್ತದೆ. ನೀರು ನಿಲ್ಲಿಸಿದರೆ ನಿದ್ದೆ, ನೀರು ಕೊಟ್ಟರೆ ಎಚ್ಚರ. ಪೇಪರ್‌ವೈಟ್ ನಾರ್ಸಿಸಸ್ ಮೆಡಿಟರೇನಿಯನ್ ಕಡೆಯದು, ಬೇಸಿಗೆಯ ಒಣಗಿನಲ್ಲೇ ಅದರ ನಿದ್ದೆ ಮುಗಿದಿರುತ್ತದೆ. ಅಂಗಡಿಯಿಂದ ತಂದು ನೀರು ತೋರಿಸಿದರೆ ನಾಲ್ಕರಿಂದ ಆರು ವಾರಕ್ಕೆ ಹೂವು. ಥಂಡಿ ನಮ್ಮಲ್ಲಿಲ್ಲ. ಒಣಗು ಬೇಕಾದಷ್ಟಿದೆ.

ಅಮರಿಲ್ಲಿಸ್‌ಗೆ ಲೆಕ್ಕ ಹೀಗೆ. ಆಗಸ್ಟ್ ಕೊನೆಗೆ ನೀರು ಪೂರ್ತಿ ನಿಲ್ಲಿಸಿ. ಎಲೆ ಹಳದಿಯಾಗಿ ಒಣಗಲಿ, ಹಸಿರಿದ್ದಾಗ ಕೊಯ್ಯಬೇಡಿ, ಅದರ ಸತ್ವ ಗಡ್ಡೆಗೆ ಇಳಿಯಬೇಕು. 8ರಿಂದ 10 ವಾರ ಒಣ ಜಾಗದಲ್ಲಿಡಿ. ನವೆಂಬರ್ ಮೊದಲ ವಾರ ಎಬ್ಬಿಸಿ. ಎದ್ದ ಮೇಲೆ ಹೂವಿಗೆ 6ರಿಂದ 8 ವಾರ.

ಕೋಟೆ ಕೆಳಗಿನ ಮನೆ, ಬಳ್ಳಾರಿ · 28 ಆಗಸ್ಟ್

ಮೇಡಂ, ಫೋಟೋ ಹುಡುಕಿ ನೋಡಿದೆ. ಕೈ ನಡುಗಿತು. ಈ ಗಿಡ ನಮ್ಮ ಹಿತ್ತಲಲ್ಲೇ ಇದೆ! ಬಾವಿಕಟ್ಟೆ ಪಕ್ಕ ಅಮ್ಮ ನೆಟ್ಟದ್ದು. ಕೆಂಪು ಹೂವು, ಪ್ರತಿ ಎಸಳಿನ ನಡುವೆ ಬಿಳಿ ಗೆರೆ. ಮೇ ತಿಂಗಳಲ್ಲಿ ಮೊದಲ ಮಳೆ ಬಿದ್ದು ವಾರಕ್ಕೆ ಎರಡು ದಂಟು ಎದ್ದು ನಿಲ್ಲುತ್ತವೆ. ಅಮ್ಮ ಅದನ್ನು ಲಿಲ್ಲಿ ಅಂತಲೇ ಕರೆಯುತ್ತಿದ್ದರು. ಈ ಹೂವನ್ನು ಡಿಸೆಂಬರ್‌ನಲ್ಲಿ ಅರಳಿಸಬಹುದು ಅಂತ ಒಂದು ದಿನವೂ ಹೊಳೆದಿರಲಿಲ್ಲ.

ಆದರೆ ಅದು ನೆಲದಲ್ಲಿದೆ. ಈಗ ಮಳೆ ಬೇರೆ. ಒಣಗಿಸುವುದು ಹೇಗೆ?

ಮಾಳಿಗೆ ತೋಟ, ರಾಯಚೂರು · 28 ಆಗಸ್ಟ್

ಮೇ ತಿಂಗಳಲ್ಲಿ ಅರಳುವುದೂ ಇದೇ ಲೆಕ್ಕದಲ್ಲಿ. ಬೇಸಿಗೆಯ ಒಣಗಿನಲ್ಲಿ ಮಲಗಿ ಮೊದಲ ಮಳೆಗೆ ಏಳುತ್ತದೆ. ಅದೇ ಬೇಸಿಗೆಯನ್ನು ನೀವು ಈಗ ಮಾಡಿಕೊಡಬೇಕು.

ಅರ್ಧ ಗಡ್ಡೆ ಅಲ್ಲೇ ಬಿಡಿ, ಅಮ್ಮನ ಜಾಗದ್ದು ಮೇ ತಿಂಗಳಲ್ಲಿ ಅರಳಲಿ. ಉಳಿದದ್ದರಲ್ಲಿ ದಪ್ಪ ಇರುವುದನ್ನು ಮಾತ್ರ ಅಗೆದು ತೆಗೆಯಿರಿ. ದಾರ ಸುತ್ತಿ ಅಳೆಯಿರಿ, ಸುತ್ತಳತೆ ಒಂದು ಗೇಣಿಗಿಂತ ಜಾಸ್ತಿ ಇರಬೇಕು. ಸಣ್ಣದು ಎಲೆ ಬಿಡುತ್ತದೆ, ಹೂವು ಬಿಡುವುದಿಲ್ಲ. ಸಲಿಕೆಯನ್ನು ದೂರದಿಂದ ಹಾಕಿ. ಇದರ ಬೇರು ದಪ್ಪ, ಬಹಳ ವರ್ಷ ಬಾಳುವಂಥದ್ದು. ಅದನ್ನು ಕತ್ತರಿಸಿದರೆ ಗಡ್ಡೆ ಮತ್ತೆ ಬೇರು ಬಿಡುವುದರಲ್ಲೇ ಶಕ್ತಿ ಕಳೆಯುತ್ತದೆ. ಮಣ್ಣು ಉದುರಿಸಿ, ತೊಳೆಯಬೇಡಿ. ಬಿದಿರು ಬುಟ್ಟಿಯಲ್ಲಿ ಹರವಿ ನೆರಳಲ್ಲಿಡಿ. ಗಾಳಿ ಆಡಬೇಕು.

ಕುಂಡದಲ್ಲಿ ಇರುವವರಿಗೆ ಇನ್ನೂ ಸುಲಭ. ಕುಂಡವನ್ನು ಸೂರಿನ ಕೆಳಗೆ ಅಡ್ಡ ಮಲಗಿಸಿ ಬಿಡಿ. ನಮ್ಮ ಕಡೆ ಸೆಪ್ಟೆಂಬರ್ ಮಳೆಯೇ ಜೋರು. ನಿಂತ ಕುಂಡಕ್ಕೆ ಒಂದು ರಾತ್ರಿ ಇರಿಚಲು ಹೊಡೆದರೂ ನಿದ್ದೆ ಕೆಡುತ್ತದೆ.

ಗಂಗಾವತಿ ಮೆಡಿಕಲ್ · 1 ಸೆಪ್ಟೆಂಬರ್

ಒಳ್ಳೆ ಚರ್ಚೆ. ಪೇಪರ್‌ವೈಟ್ ಬಗ್ಗೆ ನನ್ನ ಅನುಭವ ಹೇಳುತ್ತೇನೆ, ಎರಡು ವರ್ಷದಿಂದ ಮಾಡುತ್ತಿದ್ದೇನೆ. ಮಣ್ಣೇ ಬೇಡ. ಅಗಲ ಗಾಜಿನ ಬೋಗುಣಿಗೆ ಹೊಳೆಯ ನುಣುಪು ಕಲ್ಲು ಹಾಕಿ, ಗಡ್ಡೆಗಳನ್ನು ಒಂದಕ್ಕೊಂದು ತಾಗುವ ಹಾಗೆ ಕೂರಿಸಿ, ಸುತ್ತ ಇನ್ನಷ್ಟು ಕಲ್ಲು ಒತ್ತಿ. ನೀರು ಗಡ್ಡೆಯ ತಳ ಮುಟ್ಟಿದರೆ ಸಾಕು. ಗಡ್ಡೆ ನೀರಲ್ಲಿ ಮುಳುಗಿದರೆ ಕೊಳೆಯುತ್ತದೆ.

ಇಲ್ಲಿ ತೊಂದರೆ ಏನೆಂದರೆ ಸೆಕೆಗೆ ದಂಟು ಮೊಳದುದ್ದ ಬೆಳೆದು ಹೂವಿನ ಭಾರಕ್ಕೆ ಬಾಗುತ್ತದೆ. ಅದಕ್ಕೆ ಒಂದು ಉಪಾಯ ಇದೆ. ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ವಿಲಿಯಂ ಮಿಲ್ಲರ್ ಅನ್ನುವ ಪ್ರೊಫೆಸರ್ 2006ರಲ್ಲಿ ಪ್ರಕಟಿಸಿದ್ದು. ಮೊಳಕೆ ಎರಡು ಬೆರಳು ಬಂದ ಮೇಲೆ ಬೋಗುಣಿಯ ನೀರು ಚೆಲ್ಲಿ, 4ರಿಂದ 6 ಪ್ರತಿಶತ ಆಲ್ಕೋಹಾಲ್ ಇರುವ ನೀರು ಹಾಕಬೇಕು. ದಂಟು ಮೂರನೇ ಒಂದು ಪಾಲು ಗಿಡ್ಡ ಆಗುತ್ತದೆ, ಹೂವು ಸಣ್ಣದಾಗುವುದಿಲ್ಲ. ಗಿಡ ನೀರು ಹೀರುವುದು ಸ್ವಲ್ಪ ಕಷ್ಟವಾಗಿ ಬೆಳವಣಿಗೆ ತಗ್ಗುತ್ತದೆ, ಅದೇ ಒಳಗುಟ್ಟು. ಮೆಡಿಕಲ್‌ನಲ್ಲಿ ಸಿಗುವ 70 ಪ್ರತಿಶತದ ಐಸೊಪ್ರೊಪೈಲ್ ಆಲ್ಕೋಹಾಲ್ ಆದರೆ ಒಂದು ಪಾಲಿಗೆ 11 ಪಾಲು ನೀರು. ಅಳತೆ ಮಾಡಿಯೇ ಹಾಕಿ. 10 ಪ್ರತಿಶತ ದಾಟಿದರೆ ಗಿಡಕ್ಕೇ ಪೆಟ್ಟು. ಬಿಯರ್, ವೈನ್ ಹಾಕಬೇಡಿ, ಅದರ ಸಕ್ಕರೆಗೆ ಬೇರು ಹಾಳಾಗುತ್ತದೆ. ಸ್ಯಾನಿಟೈಸರ್ ಜೆಲ್ ಕೂಡ ಬೇಡ.

ರಥಬೀದಿ, ಕೊಪ್ಪಳ · 3 ಸೆಪ್ಟೆಂಬರ್

ನನಗೂ ಆಸೆ ಬಂತು. ನನ್ನದು ಕ್ರಿಸ್‌ಮಸ್ ಅಲ್ಲ, ಗವಿಮಠದ ಜಾತ್ರೆ. ಆ ದಿನಗಳಲ್ಲಿ ಊರಿಂದೂರಿಂದ ನೆಂಟರು ಬರುತ್ತಾರೆ. ಬಾಗಿಲ ಎರಡೂ ಕಡೆ ಒಂದೊಂದು ಕುಂಡ ಹೂವು ನಿಂತಿರಬೇಕು. ಮುಂದಿನ ಜಾತ್ರೆ ಜನವರಿ 15ಕ್ಕೆ, ಸಂಕ್ರಾಂತಿಯ ಮರುದಿನ. ಆದರೆ ತೇರು ಪುಷ್ಯ ಬಹುಳ ಬಿದಿಗೆಗೆ ಎಳೆಯುವುದು, ತಾರೀಖು ಪ್ರತಿ ವರ್ಷ ಬದಲಾಗುತ್ತದೆ. ಈ ವರ್ಷ ಜನವರಿ 27 ಇತ್ತು. ಯಾವಾಗ ಏಳಿಸಬೇಕು?

ಮಾಳಿಗೆ ತೋಟ, ರಾಯಚೂರು · 3 ಸೆಪ್ಟೆಂಬರ್

ತೇರಿನ ದಿನದಿಂದ ಹಿಂದಕ್ಕೆ ಎಣಿಸಿ. ಅಮರಿಲ್ಲಿಸ್‌ಗೆ ಏಳು ವಾರ ಹಿಡಿದರೆ ನವೆಂಬರ್ 27. ಎರಡು ಕುಂಡ ಬೇಕಾದರೆ ನಾಲ್ಕು ಏಳಿಸಿ. ಒಂದು ನವೆಂಬರ್ 20ಕ್ಕೆ, ಎರಡು 27ಕ್ಕೆ, ಒಂದು ಡಿಸೆಂಬರ್ 3ಕ್ಕೆ. ಗಡ್ಡೆ ಗಡಿಯಾರ ಅಲ್ಲ, ಒಂದಲ್ಲ ಒಂದು ದಿನಕ್ಕೆ ಸರಿ ಬರುತ್ತದೆ. ದಂಟು ಎದ್ದ ಮೇಲೂ ಸ್ವಲ್ಪ ಹಿಡಿತ ನಿಮ್ಮ ಕೈಯಲ್ಲಿರುತ್ತದೆ. ಮುಂದೆ ಹೋಯಿತು ಅನ್ನಿಸಿದರೆ ತಣ್ಣನೆ ಒಳಕೋಣೆಯ ನೆಲದ ಮೇಲಿಡಿ, ಹಿಂದೆ ಬಿತ್ತು ಅನ್ನಿಸಿದರೆ ಬೆಳಗಿನ ಬಿಸಿಲಿಗಿಡಿ.

ಉಳ್ಳಾಗಡ್ಡಿ ಹೊಲ, ಕುಷ್ಟಗಿ · 4 ಸೆಪ್ಟೆಂಬರ್

ನೀರಿನ ಬಗ್ಗೆ ಒಂದು ಮಾತು. ನಮ್ಮ ಮೂರೂ ಜಿಲ್ಲೆಯಲ್ಲಿ ಬೋರ್ ನೀರು ಬಹಳ ಕಡೆ ಸವಳು, ಫ್ಲೋರೈಡೂ ಇದೆ. ಬೋಗುಣಿ, ಕುಂಡಕ್ಕೆ ಅದನ್ನು ಹಾಕಿದರೆ ಕಲ್ಲಿನ ಮೇಲೆ ಬಿಳಿ ಉಪ್ಪು ಕೂರುತ್ತದೆ. ಗ್ಲಾಡಿಯೋಲಸ್ ಬೆಳೆದ ನನ್ನ ತಮ್ಮನಿಗೆ ಎಲೆ ತುದಿ ಸುಟ್ಟ ಹಾಗೆ ಆಗಿತ್ತು, ಫ್ಲೋರೈಡ್‌ಗೆ ಆ ಗಿಡ ತಡೆಯಲ್ಲ. ಮಳೆ ನೀರು ಹಿಡಿದಿಟ್ಟುಕೊಳ್ಳಿ. ಗಡ್ಡೆಗೆ ಬೇಕಾಗುವುದು ಎಷ್ಟು, ಒಂದು ಕೊಡ ಸಾಕು.

ಮಣ್ಣು ಹೇಳಿಬಿಡ್ತೇನೆ. ಬರೀ ಎರೆ ಮಣ್ಣು ಬೇಡ. ನೀರು ಹಿಡಿದುಕೊಂಡು ಗಡ್ಡೆ ಕೊಳೆಸುತ್ತದೆ, ಒಣಗಿದರೆ ಬಿರಿದು ಬೇರು ಹರಿಯುತ್ತದೆ. ಮಸಾರಿ ಮಣ್ಣು ಎರಡು ಪಾಲು, ಮರಳು ಒಂದು, ಹಳೆ ತಿಪ್ಪೆಗೊಬ್ಬರ ಒಂದು.

ಹಂಚಿನ ಮನೆ, ಮಾನ್ವಿ · 9 ಸೆಪ್ಟೆಂಬರ್

ಇಷ್ಟು ದಿನ ಸುಮ್ನೆ ಓದುತ್ತಿದ್ದೆ. ಇದು ಹೇಳಲೇಬೇಕು. ಎರಡು ವರ್ಷದ ಹಿಂದೆ ಡ್ಯಾಫೊಡಿಲ್ ಗಡ್ಡೆಯನ್ನು ಫ್ರಿಜ್‌ನಲ್ಲಿ ಬರೀ ಜಾಳಿಗೆ ಚೀಲದಲ್ಲಿಟ್ಟಿದ್ದೆ. ನಾನು ಶಾಲೆಗೆ ಹೋಗಿದ್ದಾಗ ಅತ್ತೆ ಅದನ್ನು ಉಳ್ಳಾಗಡ್ಡಿ ಅಂತ ತಿಳಿದು ಈಳಿಗೆಮಣೆ ಮೇಲೆ ಎರಡು ಹೆಚ್ಚಿದ್ದರು. ಕಣ್ಣಲ್ಲಿ ನೀರು ಬರಲಿಲ್ಲ, ವಾಸನೆ ಬರಲಿಲ್ಲ, ಬದಲಿಗೆ ಅಂಟು ಅಂಟು ಲೋಳೆ ಬಂತು. ಇದು ನಮ್ಮ ಉಳ್ಳಾಗಡ್ಡಿ ಅಲ್ಲ ಅಂತ ಅವರೇ ನಿಲ್ಲಿಸಿದರು. ಒಗ್ಗರಣೆಗೆ ಬಿದ್ದಿದ್ದರೆ ಮನೆಮಂದಿಯೆಲ್ಲ ವಾಂತಿ ಮಾಡಿಕೊಳ್ಳುತ್ತಿದ್ದೆವು. ಆಮೇಲೆ ಓದಿದೆ, ಡ್ಯಾಫೊಡಿಲ್, ಪೇಪರ್‌ವೈಟ್, ಅಮರಿಲ್ಲಿಸ್ ಎಲ್ಲದರಲ್ಲೂ ಲೈಕೋರಿನ್ ಅನ್ನುವ ವಿಷ ಇದೆ. ಬೇಯಿಸಿದರೂ ಹೋಗುವುದಿಲ್ಲ.

ಕಾಗದದ ಚೀಲದಲ್ಲಿಟ್ಟು, "ಹೂವಿನ ಗಡ್ಡೆ, ತಿನ್ನಬಾರದು" ಅಂತ ದಪ್ಪ ಅಕ್ಷರದಲ್ಲಿ ಬರೆಯಿರಿ. ಓದಲು ಬಾರದ ಹಿರಿಯರಿದ್ದರೆ, ಚಿಕ್ಕ ಮಕ್ಕಳಿದ್ದರೆ, ಬಾಯಲ್ಲಿ ಹೇಳಿ, ಕೈಗೆ ಕೊಟ್ಟು ತೋರಿಸಿ. ನಾಯಿ, ಬೆಕ್ಕಿಗೂ ಇದು ಆಗುವುದಿಲ್ಲ. ಹಯಸಿಂತ್ ಗಡ್ಡೆ ಮುಟ್ಟಿದರೆ ಕೈ ಕಡಿಯುತ್ತದೆ, ಗ್ಲೌಸ್ ಹಾಕಿಕೊಳ್ಳಿ.

ಕೋಟೆ ಕೆಳಗಿನ ಮನೆ, ಬಳ್ಳಾರಿ · 9 ಸೆಪ್ಟೆಂಬರ್

ಅಬ್ಬಾ, ಬರೆದದ್ದು ಒಳ್ಳೆಯದಾಯಿತು ಅಕ್ಕ. ನನ್ನ ಬುಟ್ಟಿ ಅಡುಗೆಮನೆಯ ಪಕ್ಕದ ಕೋಣೆಯಲ್ಲೇ ಇತ್ತು, ಈಗಲೇ ಮಂಚದ ಕೆಳಗೆ ಸಾಗಿಸಿದೆ. ಐದು ಗಡ್ಡೆ ಅಗೆದು ತೆಗೆದಿದ್ದೇನೆ. ಮೂರು ದಪ್ಪ, ಎರಡು ಸ್ವಲ್ಪ ಸಣ್ಣ. ಎಲೆ ಒಣಗುತ್ತಾ ಬಂದಿದೆ.

ಸಿಂಧನೂರು ಕಾಲುವೆ · 12 ಅಕ್ಟೋಬರ್

ನಾಲ್ಕು ಟುಲಿಪ್ ಗಡ್ಡೆ ಬಂತು. ಇವತ್ತು ವಿಜಯದಶಮಿ, ಇವತ್ತೇ ಇಟ್ಟೆ. ಚಿಕ್ಕಮ್ಮನ ಮನೆಯ ಹಳೇ ಫ್ರಿಜ್‌ನಲ್ಲಿ ಜಾಗ ಕೊಟ್ಟಿದ್ದಾರೆ, ಅದರಲ್ಲಿ ಬರೀ ಹಾಲು, ಹಿಟ್ಟು, ಹಣ್ಣಿಲ್ಲ. 14 ವಾರ ಅಂದರೆ ಜನವರಿ 18. ಹಬ್ಬಕ್ಕೆ ಅಲ್ಲ ಮೇಡಂ, ಒಂದು ಸಲ ಹತ್ತಿರದಿಂದ ನೋಡಬೇಕು ಅಂತ.

ಮಾಳಿಗೆ ತೋಟ, ರಾಯಚೂರು · 12 ಅಕ್ಟೋಬರ್

ಮಾಡು. ಹದಿನೈದು ದಿನಕ್ಕೊಮ್ಮೆ ತೆಗೆದು ಮುಟ್ಟಿ ನೋಡು, ಮೆತ್ತಗಾದದ್ದು ಇದ್ದರೆ ತೆಗೆದುಬಿಡು.

ಕೋಟೆ ಕೆಳಗಿನ ಮನೆ, ಬಳ್ಳಾರಿ · 3 ನವೆಂಬರ್

ಇವತ್ತು ನೆಟ್ಟೆ. ಗಡ್ಡೆಗಿಂತ ಎರಡು ಬೆರಳು ಅಗಲದ ಕುಂಡ, ಗಡ್ಡೆಯ ಅರ್ಧ ಮಣ್ಣಿನ ಮೇಲೆ. ಒಂದು ಲೋಟ ನೀರು ಸುತ್ತ ಹಾಕಿದೆ, ನೆತ್ತಿಗೆ ಬೀಳದ ಹಾಗೆ. ಬೇರು ಇನ್ನೂ ಬೆಳ್ಳಗೆ ಗಟ್ಟಿ ಇದ್ದವು. ಮೊಳಕೆ ಕಾಣುವ ತನಕ ಇನ್ನು ನೀರು ಕಡಿಮೆ ಅಲ್ವಾ ಮೇಡಂ?

ಮಾಳಿಗೆ ತೋಟ, ರಾಯಚೂರು · 3 ನವೆಂಬರ್

ಹೌದು. ಬೆರಳು ಚುಚ್ಚಿ ನೋಡಿ, ಒಣಗಿದ್ದರೆ ಮಾತ್ರ. ಕತ್ತಿನ ಪಕ್ಕದಿಂದ ಚಪ್ಪಟೆ ತುದಿ ಇಣುಕಿದರೆ ಎಲೆ. ಕೊಕ್ಕಿನ ಹಾಗೆ ದಪ್ಪಗೆ, ತುದಿ ಸ್ವಲ್ಪ ಸೀಳಿದ ಹಾಗೆ ಇದ್ದರೆ ಹೂವಿನ ದಂಟು.

ಕೋಟೆ ಕೆಳಗಿನ ಮನೆ, ಬಳ್ಳಾರಿ · 20 ನವೆಂಬರ್

ಕೊಕ್ಕು! ಎರಡು ಗಡ್ಡೆಯಲ್ಲಿ ಕೊಕ್ಕು ಬಂದಿದೆ. ಬೆಳಿಗ್ಗೆ ಟಾರ್ಚ್ ಹಿಡಿದು ನೋಡಿದೆ. ಉಗುರಿನಷ್ಟಿದೆ, ಹಸಿರು, ಅಂಚಿಗೆ ಕೆಂಪು.

ಗಂಗಾವತಿ ಅಣ್ಣ ಹೇಳಿದಂತೆ ಎಂಟು ಪೇಪರ್‌ವೈಟ್ ಗಡ್ಡೆ ಇವತ್ತು ಕಲ್ಲಿನ ಬೋಗುಣಿಯಲ್ಲಿ ಕೂರಿಸಿದೆ. ಕಲ್ಲು ಅಮ್ಮನ ಊರಿನ ಹಳ್ಳದ್ದು.

ಗಂಗಾವತಿ ಮೆಡಿಕಲ್ · 21 ನವೆಂಬರ್

ಮೊದಲ ವಾರ ಕತ್ತಲ ಕೋಣೆಯಲ್ಲಿಡಿ ಅಕ್ಕಾರೆ, ಬೇರು ಹಿಡಿಯಲಿ. ಆಮೇಲೆ ಬೆಳಕು ಚೆನ್ನಾಗಿ ಬೇಕು. ರಾತ್ರಿ ಕಿಟಕಿ ತೆರೆದು ಅದರ ಪಕ್ಕ ಇಡಿ, ಡಿಸೆಂಬರ್‌ನಲ್ಲಿ ನಮಗೆ ಸಿಗುವ ತಂಪು ಅದೊಂದೇ.

ಕೋಟೆ ಕೆಳಗಿನ ಮನೆ, ಬಳ್ಳಾರಿ · 26 ಡಿಸೆಂಬರ್

ಎರಡು ದಿನ ಬರೆಯಲು ಆಗಲಿಲ್ಲ, ಮನೆ ತುಂಬ ಜನ.

ಪೇಪರ್‌ವೈಟ್ 21ಕ್ಕೇ ಬಿರಿಯಲು ಶುರುವಾಯಿತು. ಹಬ್ಬದ ರಾತ್ರಿ ಅಷ್ಟೂ ಅರಳಿತ್ತು. ಆಲ್ಕೋಹಾಲ್ ಹಾಕಿದ್ದಕ್ಕೆ ದಂಟು ಗೇಣುದ್ದಕ್ಕೆ ನಿಂತಿತು, ಕಟ್ಟಲು ದಾರವೇ ಬೇಕಾಗಲಿಲ್ಲ. ವಾಸನೆ ಮಾತ್ರ ತುಂಬ ಗಾಢ, ಒಬ್ಬ ಚಿಕ್ಕಪ್ಪನಿಗೆ ತಲೆನೋವು ಬಂದು ಬೋಗುಣಿಯನ್ನು ಪಡಸಾಲೆಗೆ ಸಾಗಿಸಿದೆವು.

ಅಮ್ಮನ ಲಿಲ್ಲಿ. ಮೊದಲ ಗಡ್ಡೆಯ ಮೊಗ್ಗು 23ರ ಸಂಜೆ ಹೊದಿಕೆ ಸೀಳಿತು. ಒಳಗೆ ನಾಲ್ಕು ಮೊಗ್ಗು, ಒಂದರ ಬೆನ್ನಿಗೆ ಒಂದು ಒತ್ತಿಕೊಂಡಿದ್ದವು. ರಾತ್ರಿ ಪ್ರಾರ್ಥನೆಗೆ ಹೊರಡುವಾಗ ಒಂದರ ಬಾಯಿ ಮಾತ್ರ ಸ್ವಲ್ಪ ಬಿಚ್ಚಿತ್ತು. ಒಂದೂವರೆಗೆ ವಾಪಸ್ ಬಂದು ದೀಪ ಹಾಕಿದರೆ ಪೂರ್ತಿ ಅರಳಿ ಗೋದಲಿ ಕಡೆ ತಿರುಗಿತ್ತು, ಅಲ್ಲೇ ಸೀರಿಯಲ್ ಲೈಟ್ ಉರಿಯುತ್ತಿತ್ತು. ಪರಾಗ ಇನ್ನೂ ಉದುರಿರಲಿಲ್ಲ. ತಂಗಿ ಬಾಗಿಲಲ್ಲೇ ನಿಂತು ಅತ್ತಳು. ಮೇ ತಿಂಗಳ ಹೂವು ಡಿಸೆಂಬರ್‌ನಲ್ಲಿ ಅಂತ ಅವಳಿಗೆ ನಾನು ಹೇಳಿರಲೇ ಇಲ್ಲ.

ಎರಡನೆಯದು ಇನ್ನೆರಡು ದಿನದಲ್ಲಿ ಅರಳಬಹುದು. ಮೂರನೆಯದು ಈಗ ದಂಟು ಬಿಡುತ್ತಿದೆ. ಸಣ್ಣ ಎರಡರಲ್ಲಿ ಬರೀ ಎಲೆ, ಮೇಡಂ ಹೇಳಿದ ಹಾಗೇ.

ಉಳ್ಳಾಗಡ್ಡಿ ಹೊಲ, ಕುಷ್ಟಗಿ · 26 ಡಿಸೆಂಬರ್

ಓದಿ ಸಂತೋಷ ಆಯಿತು ಅಕ್ಕಾರೆ. ಎಳ್ಳು ಅಮಾವಾಸ್ಯೆ 30ಕ್ಕೆ. ಹೊಲಕ್ಕೆ ಚರಗ ಚೆಲ್ಲಲು ಹೋದಾಗ ಬೀಜದ ಉಳ್ಳಾಗಡ್ಡಿಯ ದಂಟು ಎದ್ದಿದೆಯಾ ಅಂತ ನಾನೂ ಬಗ್ಗಿ ನೋಡುತ್ತೇನೆ.

ಮಾಳಿಗೆ ತೋಟ, ರಾಯಚೂರು · 27 ಡಿಸೆಂಬರ್

ಎರಡು ಸಲ ಓದಿದೆ. ಈಗ ಮುಂದಿನ ಕೆಲಸ. ಹೂವು ಬಾಡಿದ ಮೇಲೆ ದಂಟು ಮಾತ್ರ ಕೊಯ್ಯಿರಿ, ಎಲೆಗೆ ಕೈ ಹಚ್ಚಬೇಡಿ. ಬಿಸಿಲಲ್ಲಿಟ್ಟು ನೀರು, ಗೊಬ್ಬರ ಕೊಡಿ. ಸುಮಾರು ನಾಲ್ಕು ಎಲೆ ಬಂದರೆ ಒಳಗೆ ಒಂದು ಹೂದಂಟು ಕುಡಿಯೊಡೆಯುತ್ತದೆ, ಮುಂದಿನ ವರ್ಷದ ಹೂವು ಈ ಎಲೆಯಲ್ಲೇ ಇದೆ. ಕಪ್ಪು ಮೈಗೆ ಬಿಳಿ, ಕೆಂಪು ಚುಕ್ಕೆಯ ಹುಳ ಬಂದರೆ ಅವತ್ತೇ ಆರಿಸಿ ತೆಗೆಯಿರಿ, ಎರಡು ರಾತ್ರಿಯಲ್ಲಿ ಗಿಡ ಬೋಳು ಮಾಡುತ್ತದೆ. ಪೇಪರ್‌ವೈಟ್ ಗಡ್ಡೆ ಕಲ್ಲು-ನೀರಲ್ಲಿ ಸತ್ವವೆಲ್ಲ ಕಳೆದುಕೊಂಡಿರುತ್ತದೆ, ಅದು ಗೊಬ್ಬರದ ಗುಂಡಿಗೆ.

ರಥಬೀದಿ, ಕೊಪ್ಪಳ · 16 ಜನವರಿ 2025

ನಿನ್ನೆ ತೇರು ಎಳೆಯಿತು. ನವೆಂಬರ್ 20ರದ್ದು ಬೇಗ ಮುಗಿದುಹೋಯಿತು. 27ರ ಎರಡೂ ನಿಂತಿದ್ದವು, ಬಾಗಿಲಿಗೆ ಎಡಕ್ಕೊಂದು ಬಲಕ್ಕೊಂದು. ಡಿಸೆಂಬರ್‌ದು ಇನ್ನೂ ಮೊಗ್ಗು. ಬಂದವರೆಲ್ಲ ಕುಂಡ ಎಲ್ಲಿ ತಂದಿರಿ ಅಂತ ಕೇಳಿದರು, ಮನೆಯದೇ ಅಂದೆ.

ಸಿಂಧನೂರು ಕಾಲುವೆ · 9 ಫೆಬ್ರವರಿ

ಮೇಡಂ, ನಾಲ್ಕರಲ್ಲಿ ಒಂದು ಅರಳಿದೆ. ಹಳದಿ. ದಂಟು ಗೇಣಿಗಿಂತ ಕಡಿಮೆ. ಬೆಳಿಗ್ಗೆ ಬಟ್ಟಲಿನ ಹಾಗೆ ಮುಚ್ಚಿರುತ್ತದೆ, ಮಧ್ಯಾಹ್ನ ಸೆಕೆಗೆ ತಟ್ಟೆಯ ಹಾಗೆ ಚಪ್ಪಟೆ ಆಗುತ್ತದೆ, ರಾತ್ರಿ ಮತ್ತೆ ಮುಚ್ಚುತ್ತದೆ. ಬಿಸಿಗೆ ತೆರೆದು ತಂಪಿಗೆ ಮುಚ್ಚುವುದನ್ನು ಕಣ್ಣಾರೆ ನೋಡಿದೆ. ಎರಡರಲ್ಲಿ ಮೊಗ್ಗು ಒಣಗಿತು, ಒಂದು ಕೊಳೆಯಿತು. ಆದರೂ ನೋಡಿದೆನಲ್ಲ. ಗಡ್ಡೆ ಮುಂದಿನ ವರ್ಷಕ್ಕೆ ಇಡಬಹುದಾ?

ಮಾಳಿಗೆ ತೋಟ, ರಾಯಚೂರು · 9 ಫೆಬ್ರವರಿ

ಒಂದಾದರೂ ಅರಳಿತಲ್ಲ, ಭೇಷ್! ಟುಲಿಪ್ ಇಡಲು ಆಗುವುದಿಲ್ಲಪ್ಪ. ಹೂವಾದ ಮೇಲೆ ಅದಕ್ಕೆ ಎರಡು ತಿಂಗಳು ತಂಪು ಬೆಳಕು ಬೇಕು, ನಮಗೆ ಮಾರ್ಚ್ ಬಂತೆಂದರೆ ಬೆಂಕಿ. ಅಮರಿಲ್ಲಿಸ್ ಒಂದು ಗಡ್ಡೆ ಯಾರ ಹತ್ತಿರವಾದರೂ ಕೇಳಿ ತೊಗೊ.

ಕೋಟೆ ಕೆಳಗಿನ ಮನೆ, ಬಳ್ಳಾರಿ · 10 ಫೆಬ್ರವರಿ

ನಾನು ಕೊಡುತ್ತೇನೆ. ಬಾವಿಕಟ್ಟೆ ಪಕ್ಕದ ಗುಂಪಿನಲ್ಲಿ ಹನ್ನೊಂದು ಮರಿ ಇವೆ. ಸಿಂಧನೂರಿಗೆ ಎರಡು, ಕುಷ್ಟಗಿಗೆ ಎರಡು, ಮಾನ್ವಿಗೆ ಒಂದು ತೆಗೆದಿಟ್ಟಿದ್ದೇನೆ. ಚೀಟಿಯಲ್ಲಿ ತಿನ್ನಬಾರದು ಅಂತ ಬರೆದಿದ್ದೇನೆ. ಶನಿವಾರ ಸಿಂಧನೂರು ಬಸ್ಸಿಗೆ ನಮ್ಮ ಯಜಮಾನರು ಬರುತ್ತಾರೆ, ಉಳಿದದ್ದನ್ನು ಅಲ್ಲಿಂದ ಮುಂದಕ್ಕೆ ಕಳಿಸೋಣ. ಮರಿ ಗಡ್ಡೆ ಹೂವಿಗೆ ಬರಲು ಎರಡು-ಮೂರು ವರ್ಷ ಬೇಕು. ನೆಡುವಾಗ ಕತ್ತು ಮಣ್ಣಿನ ಮೇಲಿರಲಿ.